ಸೂಜಿ ಹಾಕಿದವರು ಒಬ್ಬರು, ಮದ್ದು ಮಾಡಿದವರು ಇನ್ನೊಬ್ಬರು: ಹೊಣೆ ಯಾರದ್ದು?

ಮುಂಡಗೋಡದ ಟಿಬೆಟನ್ ಕಾಲೊನಿಗೆ ಹೋದವರು ಸಾಮಾನ್ಯವಾಗಿ ಡ್ರೆಪುಂಗ್, ಗಾದೆನ್ ಮಠಗಳನ್ನು ನೋಡಿ, ಒಂದು ಸ್ವೆಟರ್ ಕೊಂಡು, ಫೋಟೊ ತೆಗೆದು ವಾಪಸ್ಸಾಗುತ್ತಾರೆ. ನಮಗೆ ಅಲ್ಲಿ ಇದ್ದ ಕೆಲಸ ಬೇರೆ. ಘಟ್ಟ ಹತ್ತಿ ವ್ಯಾಪಾರಕ್ಕೆ ನೆಲೆಸಿದ ಕರಾವಳಿಯ ನಮ್ಮವರ ಬಗ್ಗೆ ಈ ಪುಟಕ್ಕೆ ಬರೆಯಬೇಕೆಂದು ಹುಬ್ಬಳ್ಳಿ, ಮುಂಡಗೋಡ, ಶಿರಸಿ ಸುತ್ತುತ್ತಿದ್ದೆವು. ಆ ಬರಹ ಇನ್ನೊಂದು ವಾರಕ್ಕೆ ಇರಲಿ. ಕಾಲೊನಿಯವರಿಗೆ ಪೈಪು, ನಲ್ಲಿ ಮಾರುವ ನಮ್ಮ ಒಬ್ಬ ಕಾಕನ ಅಂಗಡಿಯಲ್ಲಿ ಕೇಳಿದ ಒಂದು ಪ್ರಶ್ನೆ ತಲೆಯಿಂದ ಇಳಿಯಲೇ ಇಲ್ಲ. ಈ ವಾರ ಅದರ ಬೆನ್ನು ಹತ್ತಿದ್ದೇವೆ.

ಪ್ರಶ್ನೆ ಕೇಳಿದ್ದು ವಯಸ್ಸಾದ ಒಬ್ಬ ಟಿಬೆಟನ್ ಮಹಿಳೆ. ಕಾಕ ಅವರನ್ನು ‘ಅಮಾ-ಲಾ’ ಎಂದೇ ಕರೆಯುವುದು. ಅವರ ಮೊಮ್ಮಗ ಮಠದಲ್ಲಿ ಓದುತ್ತಿದ್ದಾನೆ, ಅವನಿಗೆ ಏನೋ ಲಸಿಕೆ ಹಾಕಿಸಬೇಕಿತ್ತು. “ಹಾಕಿಸುತ್ತೇವೆ ಭಾಯಿ, ಬೇಡ ಅನ್ನುವುದಿಲ್ಲ. ಆದರೆ ಮದ್ದೇ ಕೆಟ್ಟದಿದ್ದರೆ? ಆಗ ಯಾರನ್ನು ಕೇಳುವುದು?” ಎಂದರು. ಕಾಕ ನಮ್ಮ ಕಡೆ ತಿರುಗಿ, “ನೋಡಿ, ಊರಲ್ಲಿ ನಮ್ಮ ಬ್ಯಾರ್ತಿಯರು ಕೇಳುದೂ ಇದನ್ನೇ ಅಲ್ವಾ?” ಎಂದು ನಕ್ಕರು.

ಹೌದು, ಇದನ್ನೇ. ಆದರೆ ಈ ಪ್ರಶ್ನೆಗೆ ನಮ್ಮಲ್ಲಿ ಸಿಗುವುದು ಎರಡೇ ಉತ್ತರ. ಒಂದು, ‘ಹಾಕಿಸ್ಲೇ ಬೇಡಿ’ ಎಂಬ ವಾಟ್ಸ್‌ಆ್ಯಪ್ ಉತ್ತರ. ಇನ್ನೊಂದು, ‘ಏನೂ ಆಗುದಿಲ್ಲ, ಸುಮ್ಮನೆ ಕೈ ಕೊಡಿ’ ಎಂಬ ಕ್ಯಾಂಪಿನ ಉತ್ತರ. ಎರಡರಲ್ಲೂ ಪ್ರಶ್ನೆ ಹಾಗೆಯೇ ಉಳಿಯುತ್ತದೆ. 2017ರ ಫೆಬ್ರವರಿಯಲ್ಲಿ ದಡಾರ-ರುಬೆಲ್ಲಾ ಅಭಿಯಾನ ಕರ್ನಾಟಕದಲ್ಲಿ ಶುರುವಾದಾಗ ಏನೇನು ಗಾಳಿಸುದ್ದಿ ಹಬ್ಬಿತ್ತು ಎಂದು ಓದುಗರಿಗೆ ನೆನಪಿರಬಹುದು. ಮಕ್ಕಳಾಗದಂತೆ ಮಾಡುವ ಮದ್ದು ಎಂಬುದರಿಂದ ಹಿಡಿದು ಎಲ್ಲವೂ ಬಂದುಹೋಯಿತು. ಅದು ಸುಳ್ಳು. ಲಸಿಕೆಯಿಂದ ಸಿಡುಬು ಭೂಮಿಯಿಂದಲೇ ಹೋಯಿತು. ಪೋಲಿಯೊ ಭಾರತದಿಂದ ಹೋಯಿತು. ಈ ಬರಹ ಓದಿ ಯಾರಾದರೂ ಮಗುವಿನ ಲಸಿಕೆ ತಪ್ಪಿಸಿದರೆ ನಾವು ಬರೆದದ್ದು ವ್ಯರ್ಥ. ನಮ್ಮ ಮಾತು ಇಷ್ಟು: ಮದ್ದು ಕೆಟ್ಟರೆ ಹೊಣೆ ಯಾರದ್ದು ಎಂದು ಕೇಳುವುದು ಲಸಿಕೆ ವಿರೋಧ ಅಲ್ಲ. ಅಂಗಡಿಯಲ್ಲಿ ಮಿಕ್ಸಿ ಕೊಳ್ಳುವಾಗ ಗ್ಯಾರಂಟಿ ಕಾರ್ಡ್ ಕೇಳುವವರು ಮಿಕ್ಸಿಯ ವಿರೋಧಿಗಳೇ?

ರಾಮದುರ್ಗದ ಮೂರು ಮಕ್ಕಳು

ಉತ್ತರ ಹುಡುಕಲು ದೂರ ಹೋಗಬೇಕಾಗಿಲ್ಲ. ಮುಂಡಗೋಡದಿಂದ ಹುಬ್ಬಳ್ಳಿ-ಧಾರವಾಡ ದಾಟಿ, ಸವದತ್ತಿಯ ಆಚೆ ಹೋದರೆ ಬೆಳಗಾವಿ ಜಿಲ್ಲೆಯ ರಾಮದುರ್ಗ ತಾಲೂಕು. 2022ರ ಜನವರಿಯಲ್ಲಿ ಅಲ್ಲಿನ ಸಾಲಹಳ್ಳಿ ಪ್ರಾಥಮಿಕ ಆರೋಗ್ಯ ಕೇಂದ್ರದ ವ್ಯಾಪ್ತಿಯ ಹಳ್ಳಿಗಳಲ್ಲಿ ದಡಾರ-ರುಬೆಲ್ಲಾ ಲಸಿಕೆ ಹಾಕಿಸಿಕೊಂಡ, ಎರಡು ವರ್ಷ ತುಂಬದ ಮೂರು ಮಕ್ಕಳು ತೀರಿಕೊಂಡವು. ಇನ್ನೂ ಕೆಲವು ಮಕ್ಕಳು ಆಸ್ಪತ್ರೆ ಸೇರಿದರು. ಸುದ್ದಿ ಬಂದ ದಿನ ಎಲ್ಲರ ಬಾಯಲ್ಲೂ ಒಂದೇ ಮಾತು, ಲಸಿಕೆಯೇ ಕೆಟ್ಟದ್ದು ಎಂದು.

ಪ್ರಾಥಮಿಕ ತನಿಖೆಯಲ್ಲಿ ಹೊರಬಂದದ್ದು ಬೇರೆ. ಲಸಿಕೆಯ ಬಾಟಲಿಗಳನ್ನು ಆರೋಗ್ಯ ಕೇಂದ್ರದ ಶೀತಲ ಪೆಟ್ಟಿಗೆಗೆ ವಾಪಸ್ ಕೊಡದೆ ಹೋಟೆಲೊಂದರ ಫ್ರಿಜ್ಜಿನಲ್ಲಿ ಇಟ್ಟಿದ್ದರು. ನರ್ಸ್ ಮತ್ತು ಫಾರ್ಮಸಿಸ್ಟ್ ಅಮಾನತಾದರು. ಇದರ ಹಿಂದಿನ ವಿಜ್ಞಾನ ಸರಳ. ದಡಾರ-ರುಬೆಲ್ಲಾ ಲಸಿಕೆ ಪುಡಿಯ ರೂಪದಲ್ಲಿ ಬರುತ್ತದೆ. ಹಾಕುವ ಮುಂಚೆ ಅದಕ್ಕೆ ನೀರಿನಂತಹ ದ್ರಾವಣ ಬೆರೆಸುತ್ತಾರೆ. ಅದರಲ್ಲಿ ಕ್ರಿಮಿ ಬೆಳೆಯದಂತೆ ತಡೆಯುವ ಪದಾರ್ಥ ಇರುವುದಿಲ್ಲ. ಬೆರೆಸಿದ ಮೇಲೆ ನಾಲ್ಕು ಗಂಟೆಯೊಳಗೆ ಬಳಸಬೇಕು, ಉಳಿದದ್ದನ್ನು ಎಸೆಯಬೇಕು. ಎಸೆಯದೆ ಇಟ್ಟು ಮರುದಿನ ಹಾಕಿದರೆ ಒಳಗೆ ಬ್ಯಾಕ್ಟೀರಿಯಾ ಬೆಳೆದು ವಿಷ ತುಂಬಿರಬಹುದು. ಅದು ರಕ್ತಕ್ಕೆ ಸೇರಿದರೆ ಮಗು ಗಂಟೆಗಳಲ್ಲಿ ಕುಸಿಯುತ್ತದೆ.

ಅಂದರೆ ಲಸಿಕೆ ಮಾಡಿದ ಕಂಪೆನಿಯ ಬಾಗಿಲಿಗೆ ಹೋಗಿ ಪ್ರಯೋಜನವಿಲ್ಲದ ಪ್ರಕರಣ ಇದು. ಕಾರ್ಖಾನೆಯಿಂದ ಒಳ್ಳೆಯದಾಗಿ ಹೊರಟ ಮದ್ದು ದಾರಿಯಲ್ಲಿ ಕೆಟ್ಟರೆ ಹೊಣೆ ಸಾಗಿಸಿದವರದ್ದು, ಇಟ್ಟವರದ್ದು, ಹಾಕಿದವರದ್ದು. ಆ ನರ್ಸ್ ಸರಕಾರದ ನೌಕರೆ ಆದ್ದರಿಂದ ಕೊನೆಗೆ ಸರಕಾರದ್ದು. ಅಮಾನತು ಎಂಬುದು ನೌಕರರಿಗೆ ಆಗುವ ಶಿಕ್ಷೆ. ಮಗು ಕಳೆದುಕೊಂಡ ಮನೆಗೆ ಅದರಿಂದ ಏನೂ ಸಿಗುವುದಿಲ್ಲ.

ಇಂಥದ್ದೇ ಗೊಂದಲ 120 ವರ್ಷದ ಹಿಂದೆಯೂ ನಡೆದಿತ್ತು. 1898ರಲ್ಲಿ ಹುಬ್ಬಳ್ಳಿಗೆ ಪ್ಲೇಗ್ ಬಡಿದಾಗ ಜನ ಸಾಲುಗಟ್ಟಿ ಹಾಕಿಸಿಕೊಂಡದ್ದು ವಾಲ್ಡೆಮರ್ ಹಾಫ್ಕಿನ್ ಎಂಬ ವಿಜ್ಞಾನಿ ಮುಂಬೈಯಲ್ಲಿ ತಯಾರಿಸಿದ ಲಸಿಕೆಯನ್ನು. 1902ರ ಅಕ್ಟೋಬರ್ 30ರಂದು ಪಂಜಾಬಿನ ಮುಲ್ಕೋವಾಲ್ ಎಂಬ ಹಳ್ಳಿಯಲ್ಲಿ ಅದೇ ಲಸಿಕೆ ಹಾಕಿಸಿಕೊಂಡ 107 ಜನರಲ್ಲಿ 19 ಮಂದಿ ಧನುರ್ವಾತದಿಂದ ಸತ್ತರು. ಎಲ್ಲರಿಗೂ ಹಾಕಿದ್ದು ಒಂದೇ ಬಾಟಲಿಯಿಂದ. ತಯಾರಿಸಿದವನದ್ದೇ ತಪ್ಪು ಎಂದು ಹಾಫ್ಕಿನ್‌ನನ್ನು ಕೆಲಸದಿಂದ ದೂರವಿಟ್ಟರು. ಬಾಟಲಿ ತೆರೆಯುವಾಗ ಇಕ್ಕಳ ನೆಲಕ್ಕೆ ಬಿದ್ದಿತ್ತು, ಅದನ್ನು ಸರಿಯಾಗಿ ಶುದ್ಧ ಮಾಡದೆ ಬಳಸಿದ್ದರು ಎಂಬ ವಿವರ ನಂತರ ಮುಂದೆ ಬಂತು. ರೊನಾಲ್ಡ್ ರಾಸ್‌ರಂಥ ವಿಜ್ಞಾನಿಗಳು ಅವನ ಪರ ನಿಂತ ಮೇಲೆ, 1907ರಲ್ಲಿ ಅವನು ಆರೋಪಮುಕ್ತನಾದ. ಐದು ವರ್ಷ ಬೇಕಾಯಿತು. ಆ 19 ಮನೆಗಳ ಕಥೆ ಹಾಫ್ಕಿನ್‌ನ ಜೀವನಚರಿತ್ರೆಯಲ್ಲಿ ಒಂದು ಸಾಲಾಗಿ ಉಳಿದಿದೆ ಅಷ್ಟೆ.

ಕಾರ್ಖಾನೆಯೇ ತಪ್ಪಿದಾಗ

ಹಾಗಂತ ತಯಾರಿಸಿದವರು ಎಂದೂ ತಪ್ಪುವುದಿಲ್ಲ ಎಂದಲ್ಲ. 1955ರ ಏಪ್ರಿಲ್‌ನಲ್ಲಿ ಅಮೆರಿಕದಲ್ಲಿ ಪೋಲಿಯೊ ಲಸಿಕೆ ಶುರುವಾದ ಕೆಲವೇ ವಾರಗಳಲ್ಲಿ ಕ್ಯಾಲಿಫೋರ್ನಿಯಾದ ಕಟ್ಟರ್ ಲ್ಯಾಬೊರೇಟರೀಸ್ ತಯಾರಿಸಿದ ಮದ್ದು ಹಾಕಿಸಿಕೊಂಡ ಮಕ್ಕಳಿಗೇ ಪೋಲಿಯೊ ಬಂತು. ವೈರಸ್ಸನ್ನು ಕೊಂದು ಬಾಟಲಿಗೆ ತುಂಬಬೇಕಿತ್ತು. ಕೆಲವು ಬ್ಯಾಚ್‌ಗಳಲ್ಲಿ ಅದು ಜೀವಂತವಾಗಿಯೇ ಉಳಿದಿತ್ತು. ಮಕ್ಕಳಿಗೂ, ಅವರಿಂದ ಮನೆಯವರಿಗೂ ತಗುಲಿ ಸುಮಾರು 200 ಮಂದಿಗೆ ಪಾರ್ಶ್ವವಾಯು ಆಯಿತು, 10 ಮಂದಿ ಸತ್ತರು. ಕೋರ್ಟಿಗೆ ಹೋದ ಪ್ರಕರಣದಲ್ಲಿ 1958ರಲ್ಲಿ ಬಂದ ತೀರ್ಪು ಇಂದಿಗೂ ಕಾನೂನು ವಿದ್ಯಾರ್ಥಿಗಳಿಗೆ ಪಾಠ. ಕಂಪೆನಿ ಅಜಾಗರೂಕತೆ ತೋರಿಲ್ಲ, ಆ ಕಾಲದ ವಿಜ್ಞಾನಕ್ಕೆ ಗೊತ್ತಿದ್ದುದನ್ನೆಲ್ಲ ಮಾಡಿದೆ ಎಂದು ಜ್ಯೂರಿ ಒಪ್ಪಿತು. ಆದರೂ ಪರಿಹಾರ ಕೊಡಲೇಬೇಕು ಎಂದಿತು. ಯಾಕೆಂದರೆ ಕುಡಿಯುವ ನೀರು ಎಂದು ಮಾರಿದ್ದು ಕುಡಿಯಲು ಯೋಗ್ಯ ಇರಬೇಕು. ಪೋಲಿಯೊ ತಡೆಯುವ ಮದ್ದು ಎಂದು ಮಾರಿದ್ದು ಪೋಲಿಯೊ ತರಬಾರದು. ತಪ್ಪು ಮಾಡಿದ್ದೀಯಾ ಇಲ್ಲವಾ ಎಂಬುದಕ್ಕಿಂತ, ನೀನು ಕೊಟ್ಟ ವಸ್ತು ಸರಿ ಇತ್ತಾ ಇಲ್ಲವಾ ಎಂಬುದು ಪ್ರಶ್ನೆ.

ನಮ್ಮ ದೇಶದಲ್ಲಿ 2018ರಲ್ಲಿ ಘಾಜಿಯಾಬಾದಿನ ಕಂಪೆನಿಯೊಂದು ಪೂರೈಸಿದ ಪೋಲಿಯೊ ಹನಿಯಲ್ಲಿ, 2016ರಲ್ಲೇ ಬಳಕೆ ನಿಲ್ಲಿಸಿದ್ದ ಟೈಪ್ 2 ವೈರಸ್ ಕಂಡುಬಂತು. ದಾಸ್ತಾನು ಹಿಂಪಡೆದರು, ಕಂಪೆನಿಯ ಮುಖ್ಯಸ್ಥರ ಬಂಧನವೂ ಆಯಿತು.

ಇನ್ನು ಹೊಕ್ಕುಳ ಸುತ್ತ 14 ಸೂಜಿ. ನಾಯಿ ಕಚ್ಚಿದರೆ ಅದೇ ಎಂದು ಮಕ್ಕಳನ್ನು ಹೆದರಿಸಿದ ತಲೆಮಾರು ಇನ್ನೂ ನಮ್ಮ ಮನೆಗಳಲ್ಲಿ ಉಂಟು. ಅದು 1911ರಲ್ಲಿ ಕಸೌಲಿಯಲ್ಲಿ ಡೇವಿಡ್ ಸೆಂಪಲ್ ರೂಪಿಸಿದ ಲಸಿಕೆ, ಕುರಿಯ ಮೆದುಳಿನಿಂದ ಮಾಡುವುದು. ಕೂನೂರಿನ ಪಾಶ್ಚರ್ ಇನ್‌ಸ್ಟಿಟ್ಯೂಟ್ ಸೇರಿದಂತೆ ಸರಕಾರಿ ಸಂಸ್ಥೆಗಳೇ ಅದನ್ನು ದಶಕಗಳ ಕಾಲ ತಯಾರಿಸಿದವು. ಅದರಲ್ಲಿದ್ದ ಮೆದುಳಿನ ಅಂಶದ ವಿರುದ್ಧ ಕೆಲವರ ದೇಹ ತಿರುಗಿಬಿದ್ದು, ಅವರದೇ ನರಮಂಡಲಕ್ಕೆ ಹೊಡೆತ ಬಿದ್ದು, ಕೈಕಾಲು ಸೋತುಹೋಗುತ್ತಿತ್ತು. ಇದಕ್ಕಿಂತ ಸುರಕ್ಷಿತವಾದ ಲಸಿಕೆಗಳು 1980ರ ದಶಕದಲ್ಲೇ ಇದ್ದವು, ಆದರೆ ದುಬಾರಿ. ಭಾರತ ಹಳೆಯದನ್ನು ಪೂರ್ತಿ ನಿಲ್ಲಿಸಿದ್ದು 2004ರ ಡಿಸೆಂಬರಿನಲ್ಲಿ. ಹಣ ಇದ್ದವರು ಮೆಡಿಕಲ್‌ನಿಂದ ಹೊಸತನ್ನು ಕೊಂಡರು. ಬಡವರಿಗೆ ಹೊಟ್ಟೆಗೆ ಸೂಜಿ. ಯಾವ ಬಾಟಲಿಯೂ ‘ಕೆಟ್ಟಿರಲಿಲ್ಲ’, ಎಲ್ಲವೂ ವಿಧಾನದ ಪ್ರಕಾರವೇ ತಯಾರಾದದ್ದು. ದೋಷ ಇದ್ದದ್ದು ವಿಧಾನದಲ್ಲೇ. ಕಾನೂನು ಇದನ್ನು ವಿನ್ಯಾಸದ ದೋಷ ಎನ್ನುತ್ತದೆ.

ಇನ್ನೊಂದು ಬಗೆ ಉಂಟು. ಮದ್ದಿನಿಂದ ತೊಂದರೆ ಏನೂ ಇಲ್ಲ, ಆದರೆ ಗುಣವೂ ಇಲ್ಲ. ಇದಕ್ಕೆ ಉದಾಹರಣೆ ನಮ್ಮ ಮಲೆನಾಡಿನದ್ದೇ. ಮಂಗನ ಕಾಯಿಲೆ 1957ರಲ್ಲಿ ಶಿವಮೊಗ್ಗ ಜಿಲ್ಲೆಯ ಕ್ಯಾಸನೂರು ಕಾಡಿನಲ್ಲಿ ಮೊದಲು ಕಂಡದ್ದು. ಮುಂಡಗೋಡ ಇರುವ ಇದೇ ಉತ್ತರ ಕನ್ನಡದ ಸಿದ್ದಾಪುರ, ಹೊನ್ನಾವರದ ಕಡೆ, 1980ರ ದಶಕದಲ್ಲಿ ನಮ್ಮ ಬೆಳ್ತಂಗಡಿಯ ಕಡೆಯೂ ಬಂತು. ಕಾಡಂಚಿನ ಜನರಿಗೆ ಸರಕಾರ ಕೊಡುತ್ತಿದ್ದ ಲಸಿಕೆ ಬೆಂಗಳೂರಿನ ಹೆಬ್ಬಾಳದಲ್ಲಿರುವ ಸರಕಾರಿ ಪಶು ಆರೋಗ್ಯ ಮತ್ತು ಜೈವಿಕ ಉತ್ಪನ್ನಗಳ ಸಂಸ್ಥೆಯಲ್ಲಿ ತಯಾರಾಗುತ್ತಿತ್ತು. ತಿಂಗಳ ಅಂತರದಲ್ಲಿ ಎರಡು ಡೋಸ್, ನಂತರ ಬೂಸ್ಟರ್, ಆಮೇಲೆ ವರ್ಷ ವರ್ಷ ಇನ್ನೊಂದು. ತೋಳು ಊದಿಕೊಳ್ಳುವಷ್ಟು ನೋವು. 1990ರ ದಶಕದ ಆರಂಭದ ಅಧ್ಯಯನದಲ್ಲಿ ಎರಡು ಡೋಸ್‌ಗೆ ಶೇ. 90ಕ್ಕೂ ಹೆಚ್ಚು ರಕ್ಷಣೆ ಎಂದಿತ್ತು. 2005ರಿಂದ 2010ರವರೆಗಿನ ಲೆಕ್ಕ ಹಿಡಿದು 2013ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ ಅದು ಶೇ. 62ರಷ್ಟಕ್ಕೆ ಇಳಿದಿತ್ತು. ಒಂದೇ ಡೋಸ್ ಪಡೆದವರಿಗೆ ರಕ್ಷಣೆಯೇ ಕಾಣಲಿಲ್ಲ. ಲಸಿಕೆ ಹಾಕಿಸಿಕೊಂಡವರಿಗೂ ಕಾಯಿಲೆ ಬಂತು. 2018-19ರ ಚಳಿಗಾಲದಲ್ಲಿ ಸಾಗರ ತಾಲೂಕಿನ ಅರಲಗೋಡು ಸುತ್ತ ಸಾವುಗಳಾದವು. ಅಷ್ಟಾದ ಮೇಲೂ ಅದೇ ಲಸಿಕೆ ಮುಂದುವರಿದು, ಪರಿಣಾಮ ಸಾಲದು ಎಂದು ನಿಂತದ್ದು 2022ರಲ್ಲಿ. ಈಗ ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿ ಹೈದರಾಬಾದಿನ ಕಂಪೆನಿಯೊಂದಿಗೆ ಹೊಸ ಲಸಿಕೆಯ ಕೆಲಸ ನಡೆಸಿದೆ.

ಇಲ್ಲಿ ತಯಾರಿಸಿದವರೂ ಸರಕಾರ, ಹಂಚಿದವರೂ ಸರಕಾರ, ತನಿಖೆ ಮಾಡಬೇಕಾದವರೂ ಸರಕಾರ. ನಂಬಿ ತೋಳು ಕೊಟ್ಟು, ‘ನನಗೆ ಲಸಿಕೆ ಆಗಿದೆ’ ಎಂಬ ಧೈರ್ಯದಲ್ಲಿ ದರಕು ತರಲು ಕಾಡಿಗೆ ಹೋದ ರೈತನಿಗೆ ಜ್ವರ ಹತ್ತಿದರೆ ಅವನು ಯಾರ ಮೇಲೆ ದೂರು ಕೊಡಬೇಕು?

ಕಾಯ್ದೆ ಉಂಟು, ಆದರೆ ‘ಕೊಂಡವನಿಗೆ’

ಈ ಬಗ್ಗೆ ಕಾಯ್ದೆಯೇ ಇಲ್ಲ ಎಂದು ಹಲವರು ತಿಳಿದಿದ್ದಾರೆ. ಹಾಗಲ್ಲ. 2020ರ ಜುಲೈಯಲ್ಲಿ ಜಾರಿಗೆ ಬಂದ ಗ್ರಾಹಕ ಸಂರಕ್ಷಣಾ ಕಾಯ್ದೆ 2019ರಲ್ಲಿ ಉತ್ಪನ್ನದ ಹೊಣೆಗಾರಿಕೆಗೆಂದೇ ಒಂದು ಅಧ್ಯಾಯ ಇದೆ. ಅದರ 84ನೇ ಸೆಕ್ಷನ್ ಪ್ರಕಾರ ತಯಾರಿಕೆಯಲ್ಲಿ ದೋಷ, ವಿನ್ಯಾಸದಲ್ಲಿ ದೋಷ, ಹೇಳಿದ ಗುಣಮಟ್ಟಕ್ಕೆ ಹೊಂದದಿರುವುದು, ಸರಿಯಾದ ಎಚ್ಚರಿಕೆ ಕೊಡದಿರುವುದು, ಇವುಗಳಲ್ಲಿ ಯಾವುದರಿಂದ ಹಾನಿಯಾದರೂ ತಯಾರಕ ಹೊಣೆ. ಕಟ್ಟರ್ ಪ್ರಕರಣದ ತರ್ಕವೇ ಇಲ್ಲಿಗೂ ಬಂದಿದೆ. ದೂರು ಕೊಡಲು ಪುಣೆಗೋ ಹೈದರಾಬಾದಿಗೋ ಹೋಗಬೇಕಿಲ್ಲ, ನೀವು ವಾಸಿಸುವ ಜಿಲ್ಲೆಯ ಗ್ರಾಹಕರ ಆಯೋಗ ಸಾಕು. ಮುಂಡಗೋಡದವರಿಗೆ ಕಾರವಾರ, ನಮಗೆ ಮಂಗಳೂರು ಅಥವಾ ಉಡುಪಿ. ವಸ್ತುವಿಗೆ ಕೊಟ್ಟ ಬೆಲೆ ಐದು ಲಕ್ಷದೊಳಗಿದ್ದರೆ ಶುಲ್ಕವೂ ಇಲ್ಲ, ಲಸಿಕೆಗೆ ಅಷ್ಟು ಯಾರೂ ಕೊಡುವುದಿಲ್ಲ. ಎರಡು ವರ್ಷದೊಳಗೆ ದೂರು ಕೊಡಬೇಕು ಎಂಬುದನ್ನು ಮಾತ್ರ ಮರೆಯಬಾರದು.

ಕಂಪೆನಿಗಳಿಗೆ ಒಂದು ಕಿಂಡಿಯೂ ಅಲ್ಲೇ ಇದೆ. ತಜ್ಞರ ಉಸ್ತುವಾರಿಯಲ್ಲೇ ಬಳಸಬೇಕಾದ ವಸ್ತುವಾದರೆ, ಆ ತಜ್ಞರಿಗೆ ಎಚ್ಚರಿಕೆ ತಲುಪಿಸಲು ತಕ್ಕ ಕ್ರಮ ಕೈಗೊಂಡಿದ್ದರೆ ಸಾಕು, ಎಚ್ಚರಿಕೆ ಕೊಟ್ಟಿಲ್ಲ ಎಂಬ ದೂರು ನಿಲ್ಲದು ಎನ್ನುತ್ತದೆ 87ನೇ ಸೆಕ್ಷನ್. ಅಂದರೆ ಪೆಟ್ಟಿಗೆಯೊಳಗಿನ ಸಣ್ಣಕ್ಷರದ ಚೀಟಿ ಡಾಕ್ಟರ ಕೈಗೆ ಹೋಗಿದ್ದರೆ, ಅದು ನಿಮ್ಮ ಕಿವಿಗೆ ಬೀಳದಿದ್ದರೂ, ಕಂಪೆನಿ ಬಚಾವ್.

ಅದಕ್ಕಿಂತ ದೊಡ್ಡ ತೊಡಕು ‘ಗ್ರಾಹಕ’ ಎಂಬ ಪದದಲ್ಲೇ ಇದೆ. ಹಣ ಕೊಟ್ಟು ಕೊಂಡವನು ಗ್ರಾಹಕ. ಎಲ್ಲರಿಗೂ ಉಚಿತವಾಗಿ ಚಿಕಿತ್ಸೆ ಕೊಡುವ ಸರಕಾರಿ ಆಸ್ಪತ್ರೆಯ ಸೇವೆ ಈ ಕಾಯ್ದೆಯೊಳಗೆ ಬರುವುದಿಲ್ಲ ಎಂದು ಸುಪ್ರೀಂ ಕೋರ್ಟ್ 1995ರಲ್ಲೇ ವಿ.ಪಿ. ಶಾಂತಾ ಪ್ರಕರಣದಲ್ಲಿ ಹೇಳಿದೆ. ಇದರ ಅರ್ಥ ನಮ್ಮವರಿಗೆ ಹೇಗೆ ಮುಟ್ಟುತ್ತದೆ ನೋಡಿ. ಉಮ್ರಾಕ್ಕೆ ಹೊರಟವರು ಮೆದುಳು ಜ್ವರದ ಲಸಿಕೆಯನ್ನು ಖಾಸಗಿಯಾಗಿ, ಬಿಲ್ ಪಡೆದು ಹಾಕಿಸಿಕೊಳ್ಳುತ್ತಾರೆ. ಅವರು ಗ್ರಾಹಕರು. ಹಜ್ ಕ್ಯಾಂಪಿನಲ್ಲಿ ಸರಕಾರ ಪೂರೈಸಿದ ಅದೇ ಲಸಿಕೆಯನ್ನು ಹಾಕಿಸಿಕೊಂಡವರ ಕೈಯಲ್ಲಿ ಬಿಲ್ ಇಲ್ಲ. ಒಂದೇ ರೋಗ, ಒಂದೇ ಮಕ್ಕಾ ಯಾತ್ರೆ, ಕಾಯ್ದೆಯ ಮುಂದೆ ಎರಡು ತರದ ಜನ. ಕಾಲೊನಿಯಲ್ಲೂ ಹೀಗೆಯೇ. ಮಠದವರು ಹಣ ಕೊಟ್ಟು ಲಸಿಕೆ ತರಿಸಿದರೆ ಒಂದು ದಾರಿ, ಸರಕಾರಿ ಕ್ಯಾಂಪಿನಲ್ಲಿ ಹಾಕಿಸಿದರೆ ಇನ್ನೊಂದು.

ವಾದಕ್ಕೆ ಜಾಗ ಇಲ್ಲವೆಂದಲ್ಲ. ಕೊಂಡವನ ಒಪ್ಪಿಗೆಯಿಂದ ವಸ್ತು ಬಳಸಿದವನೂ ಗ್ರಾಹಕ ಎಂದು ಅದೇ ಕಾಯ್ದೆ ಹೇಳುತ್ತದೆ. ಲಸಿಕೆಯನ್ನು ಕಂಪೆನಿಯಿಂದ ಸರಕಾರ ಹಣ ಕೊಟ್ಟೇ ಕೊಂಡಿದೆ, ನಾವು ಸರಕಾರದ ಒಪ್ಪಿಗೆಯಿಂದ ಬಳಸಿದ್ದೇವೆ. ಹಾಗಾಗಿ ಕಂಪೆನಿಯ ಮೇಲೆ ನಾವೂ ದೂರು ಕೊಡಬಹುದು ಎಂದು ಒಳ್ಳೆಯ ವಕೀಲರು ವಾದಿಸಬಹುದು. ಈ ವಾದ ಗಟ್ಟಿ ಎಂದೇ ನಮ್ಮ ಅನಿಸಿಕೆ. ಆದರೆ ಮಗು ಕಳೆದುಕೊಂಡ ಕೂಲಿ ಕುಟುಂಬ ಇಂಥ ಸೂಕ್ಷ್ಮವನ್ನು ಹಿಡಿದು ವರ್ಷಗಟ್ಟಲೆ ಅಲೆಯಬೇಕೇ?

ಔಷಧ ಮತ್ತು ಪ್ರಸಾಧನ ಕಾಯ್ದೆ 1940 ಇನ್ನೂ ಕಠಿಣ. ಲಸಿಕೆಯೂ ಅದರ ಪ್ರಕಾರ ಔಷಧವೇ. ಕಲಬೆರಕೆ ಅಥವಾ ನಕಲಿ ಔಷಧದಿಂದ ಸಾವು ಅಥವಾ ತೀವ್ರ ಗಾಯ ಆದರೆ ಕನಿಷ್ಠ 10 ವರ್ಷದಿಂದ ಜೀವಾವಧಿಯವರೆಗೆ ಜೈಲು, ಕನಿಷ್ಠ 10 ಲಕ್ಷ ರೂಪಾಯಿ ದಂಡ. ಆ ದಂಡದ ಹಣ ಸರಕಾರದ ಖಜಾನೆಗಲ್ಲ, ನೊಂದವರಿಗೆ ಅಥವಾ ಸತ್ತವರ ಮನೆಯವರಿಗೆ ಹೋಗಬೇಕು. ಇದು ತುಂಬ ಜನರಿಗೆ ಗೊತ್ತಿಲ್ಲ. ಸಂಶಯ ಬಂದ ಔಷಧವನ್ನು ಸಾಮಾನ್ಯ ಮನುಷ್ಯನೇ ಶುಲ್ಕ ಕಟ್ಟಿ ಸರಕಾರಿ ವಿಶ್ಲೇಷಕರಿಂದ ಪರೀಕ್ಷೆ ಮಾಡಿಸಲು 26ನೇ ಸೆಕ್ಷನ್ ಅವಕಾಶ ಕೊಡುತ್ತದೆ. ಆದರೆ ಅಲ್ಲಿಯೂ ಅದೇ ಷರತ್ತು, ಆತ ಅದನ್ನು ಖರೀದಿಸಿರಬೇಕು!

ಟಿಬೆಟನ್ನರಿಗೆ ಇನ್ನೊಂದು ಸಂಶಯ. ಅವರಲ್ಲಿ ಹೆಚ್ಚಿನವರ ಕೈಯಲ್ಲಿ ಇರುವುದು ವಿದೇಶಿಯರಿಗೆ ಕೊಡುವ ನೋಂದಣಿ ಪತ್ರ, ಆರ್‌ಸಿ. 1966ರಲ್ಲಿ ಇಲ್ಲಿ ಕಾಲೊನಿ ಶುರುವಾದ ಮೇಲೆ ಇಲ್ಲೇ ಹುಟ್ಟಿ ಇಲ್ಲೇ ಮುದುಕರಾದವರಿದ್ದರೂ ಕಾಗದದಲ್ಲಿ ವಿದೇಶಿಯರು. “ನಮ್ಮ ದೂರು ಯಾರು ತೆಗೆದುಕೊಳ್ಳುತ್ತಾರೆ?” ಎಂದು ಅವರು ಕೇಳುವುದು ಸಹಜ. ಗ್ರಾಹಕ ಕಾಯ್ದೆಯಲ್ಲಿ ಇರುವ ಪದ ‘ವ್ಯಕ್ತಿ’, ನಾಗರಿಕ ಅಲ್ಲ. ಸಂವಿಧಾನದ 21ನೇ ವಿಧಿಯ ಜೀವಿಸುವ ಹಕ್ಕೂ ಹಾಗೆಯೇ. ಅರುಣಾಚಲದ ಚಕ್ಮಾ ನಿರಾಶ್ರಿತರ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1996ರಲ್ಲಿ ಅದನ್ನು ಸ್ಪಷ್ಟವಾಗಿ ಹೇಳಿದೆ. ಹಾಗಾಗಿ ಅಮಾ-ಲಾ ಅವರಿಗೂ ನಮಗೂ ಈ ವಿಷಯದಲ್ಲಿ ವ್ಯತ್ಯಾಸ ಇಲ್ಲ.

ತಪ್ಪು ಯಾರದ್ದೇ ಇರಲಿ, ಪರಿಹಾರ ಮೊದಲು

ಇನ್ನು ಯಾರ ತಪ್ಪೂ ಇಲ್ಲದೆ ಆಗುವ ಹಾನಿ. ಮದ್ದು ಸರಿ, ಹಾಕಿದ್ದು ಸರಿ, ಲಕ್ಷದಲ್ಲಿ ಒಬ್ಬರ ದೇಹಕ್ಕೆ ಒಗ್ಗಲಿಲ್ಲ. ಕೋವಿಶೀಲ್ಡ್ ಮಾದರಿಯ ಲಸಿಕೆಯಿಂದ ಅತಿ ವಿರಳವಾಗಿ ರಕ್ತ ಹೆಪ್ಪುಗಟ್ಟಬಹುದು ಎಂದು ಅದನ್ನು ರೂಪಿಸಿದ ಆಸ್ಟ್ರಾಜೆನೆಕಾ ಬ್ರಿಟನ್ನಿನ ಕೋರ್ಟಿನಲ್ಲೇ ಒಪ್ಪಿದ್ದು 2024ರಲ್ಲಿ ದೊಡ್ಡ ಸುದ್ದಿಯಾಯಿತು. ಅದಕ್ಕೂ ಮುಂಚೆ, 2022ರಲ್ಲಿ, ಲಸಿಕೆಯ ನಂತರ ಮಗಳಂದಿರನ್ನು ಕಳೆದುಕೊಂಡ ಹೆತ್ತವರು ಸುಪ್ರೀಂ ಕೋರ್ಟಿಗೆ ಹೋದಾಗ ಕೇಂದ್ರ ಸರಕಾರ ಕೊಟ್ಟ ಉತ್ತರ ಹೀಗಿತ್ತು: ಲಸಿಕೆ ಸ್ವಇಚ್ಛೆಯದ್ದು, ಸರಕಾರ ಹೊಣೆಯಲ್ಲ, ಪರಿಹಾರ ಬೇಕಿದ್ದರೆ ಸಿವಿಲ್ ಕೋರ್ಟಿಗೆ ಹೋಗಬಹುದು. ಸರ್ಟಿಫಿಕೇಟ್ ಇಲ್ಲದೆ ರೈಲು, ಆಫೀಸು, ಮಾಲ್ ಯಾವುದಕ್ಕೂ ಬಿಡದೆ ಇದ್ದ ದಿನಗಳನ್ನು ಕಂಡವರಿಗೆ ‘ಸ್ವಇಚ್ಛೆ’ ಎಂಬ ಪದ ಓದಿ ಏನನ್ನಿಸಿತೋ. ಅದೇ ವರ್ಷ ಸೆಪ್ಟೆಂಬರಿನಲ್ಲಿ ಕೇರಳ ಹೈಕೋರ್ಟ್, ಗಂಡನನ್ನು ಕಳೆದುಕೊಂಡ ಮಹಿಳೆಯೊಬ್ಬರ ಅರ್ಜಿಯಲ್ಲಿ, ಇಂಥ ಸಾವುಗಳನ್ನು ಗುರುತಿಸಿ ಪರಿಹಾರ ಕೊಡಲು ಮಾರ್ಗಸೂಚಿ ರೂಪಿಸಿ ಎಂದು ಮಧ್ಯಂತರ ಆದೇಶ ಕೊಟ್ಟಿತು.

ಹೊರದೇಶಗಳಲ್ಲಿ ಇದಕ್ಕೆ ಬೇರೆ ದಾರಿ ಮಾಡಿಕೊಂಡಿದ್ದಾರೆ. ಬ್ರಿಟನ್ನಿನಲ್ಲಿ 1979ರ ಕಾಯ್ದೆಯಡಿ, ಲಸಿಕೆಯಿಂದ ಶೇ. 60ರಷ್ಟು ಅಂಗವೈಕಲ್ಯ ಆದರೆ 1,20,000 ಪೌಂಡ್ ಸಿಗುತ್ತದೆ. ಶೇ. 59 ಆದವರು ಏನು ಮಾಡಬೇಕು ಎಂದು ಅಲ್ಲಿಯವರೂ ಕೇಳುತ್ತಿದ್ದಾರೆ. ಅಮೆರಿಕದಲ್ಲಿ 1986ರ ಕಾಯ್ದೆ ಪ್ರಕಾರ ಮಕ್ಕಳ ಲಸಿಕೆಯ ಪ್ರತಿ ಡೋಸ್ ಮೇಲೆ, ಅದು ತಡೆಯುವ ಒಂದೊಂದು ರೋಗಕ್ಕೆ 75 ಸೆಂಟ್‌ನಂತೆ ತೆರಿಗೆ ಹಾಕಿ ನಿಧಿ ಕಟ್ಟಿದ್ದಾರೆ. ಹಾನಿಯಾದವರು ಕಂಪೆನಿಯ ತಪ್ಪು ಸಾಬೀತು ಮಾಡಬೇಕಿಲ್ಲ, ಲಸಿಕೆಯಿಂದ ಆಯಿತು ಎಂದು ತೋರಿಸಿದರೆ ಸಾಕು. ಬದಲಿಗೆ ಕಂಪೆನಿಗಳಿಗೆ ಮೊಕದ್ದಮೆಯಿಂದ ದೊಡ್ಡ ರಕ್ಷಣೆ ಕೊಟ್ಟರು. ವಿನ್ಯಾಸದ ದೋಷ ಎಂದು ಕೇಸ್ ಹಾಕಲೂ ಆಗದು ಎಂದು ಅಲ್ಲಿನ ಸುಪ್ರೀಂ ಕೋರ್ಟ್ 2011ರಲ್ಲಿ ಹೇಳಿತು. ಈ ಎರಡನೇ ಭಾಗ ನಮಗೆ ಬೇಡ. ನಿಧಿ ಬೇಕು, ಕಂಪೆನಿಗೆ ಬೀಗದ ಕೈ ಕೊಡುವುದು ಬೇಡ. ಸೆಂಪಲ್ ಲಸಿಕೆಯ ಕಥೆ ನೆನಪಿದ್ದವರು ಇದನ್ನು ಒಪ್ಪುತ್ತಾರೆ. ನಮ್ಮ ದೇಶದಲ್ಲಿ ಎಲ್ಲ ಲಸಿಕೆಗಳಿಗೂ ಅನ್ವಯವಾಗುವ ಇಂಥ ಕಾಯ್ದೆ ಇಲ್ಲ.

ತಪ್ಪು ಇಲ್ಲದಿದ್ದರೂ ಪರಿಹಾರ ಎಂಬುದು ವಿಚಿತ್ರ ಎನಿಸಿದವರು ದಿಯತ್ ಬಗ್ಗೆ ಯೋಚಿಸಿ. ಗಲ್ಫಿನಲ್ಲಿ ಗಾಡಿ ಓಡಿಸಿದ ನಮ್ಮವರಿಗೆ ಇದು ಚೆನ್ನಾಗಿ ಗೊತ್ತು. ಉದ್ದೇಶವಿಲ್ಲದೆ ಆದ ಸಾವಿಗೂ ದಿಯತ್ ಉಂಟು. ಹಾಗೆ ಕೈತಪ್ಪಿ ಆದ ಸಾವಿನ ದಿಯತ್ತನ್ನು ಆ ವ್ಯಕ್ತಿಯೊಬ್ಬನೇ ಹೊರುವುದಲ್ಲ, ಅವನ ತಂದೆಯ ಕಡೆಯ ಬಂಧುಗಳು ಸೇರಿ ಹೊರಬೇಕು ಎಂಬುದು ಫಿಕ್ಹ್‌ನ ವಿಧಿ. ತಿಳುವಳಿಕೆ ಇಲ್ಲದೆ ವೈದ್ಯ ಮಾಡಿ ಹಾನಿ ಮಾಡಿದವನ ಮೇಲೆ ಮಾತ್ರ ನೇರ ಳಮಾನ್, ಅಂದರೆ ಹೊಣೆ. ಎರಡನ್ನೂ ಬೇರೆ ಬೇರೆ ಇಟ್ಟಿದ್ದಾರೆ. ಉಸ್ತಾದರು ಇದನ್ನು ನಮಗಿಂತ ಚೆನ್ನಾಗಿ ವಿವರಿಸಬಲ್ಲರು. ಲಸಿಕೆ ಕ್ಯಾಂಪಿನ ಮುಂಚಿನ ಜುಮಾದಲ್ಲಿ ಯಾರಾದರೂ ಖತೀಬರು ಇದನ್ನೇ ವಿಷಯ ಮಾಡಿಕೊಂಡರೆ ಕೇಳಲು ನಾವು ಮುಂದಿನ ಸಾಲಿನಲ್ಲಿ ಇರುತ್ತೇವೆ. ಸಮಾಜದ ಎಲ್ಲರ ರಕ್ಷಣೆಗೆಂದು ಕೈ ಕೊಟ್ಟ ಒಬ್ಬನಿಗೆ ಹಾನಿಯಾದರೆ ಆ ಭಾರವನ್ನು ಸಮಾಜವೇ ಹೊರಬೇಕು ಎಂಬ ಮಾತು ನಮಗೆ ಅಮೆರಿಕದಿಂದ ಬರಬೇಕಾಗಿಲ್ಲ.

ಅಲ್ಲಿಯವರೆಗೆ ನಮ್ಮ ಕೈಯಲ್ಲಿ ಇರುವುದು ದಾಖಲೆ. ಲಸಿಕೆಯ ನಂತರ ಗಂಭೀರ ತೊಂದರೆ ಆದರೆ ಆರೋಗ್ಯ ಇಲಾಖೆ ಅದನ್ನು ‘ಎಇಎಫ್ಐ’ ಎಂದು ದಾಖಲಿಸಬೇಕು, ಜಿಲ್ಲಾ ಸಮಿತಿ ತನಿಖೆ ಮಾಡಬೇಕು. ತನಿಖೆಯ ಕೊನೆಗೆ ಒಂದು ಗುರುತು ಹಾಕುತ್ತಾರೆ. ಲಸಿಕೆಯ ಸಹಜ ಪರಿಣಾಮವಾದರೆ ಎ1, ಲಸಿಕೆಯ ಗುಣಮಟ್ಟದ ದೋಷವಾದರೆ ಎ2, ಹಾಕುವುದರಲ್ಲಿ ತಪ್ಪಾದರೆ ಎ3, ಹೆದರಿಕೆಯಿಂದ ಆದದ್ದಾದರೆ ಎ4, ಕಾಕತಾಳೀಯವಾದರೆ ಸಿ. ಕಂಪೆನಿಯ ಹೊಣೆಯೋ ಸರಕಾರದ ಹೊಣೆಯೋ ಎಂಬುದಕ್ಕೆ ಈ ಒಂದು ಅಕ್ಷರ ಮತ್ತು ಅಂಕೆಯೇ ಮೊದಲ ಸಾಕ್ಷಿ. ರಾಮದುರ್ಗದಂಥದ್ದು ಎ3ರ ಕಡೆಗೆ, ಕಟ್ಟರ್‌ನಂಥದ್ದು ಎ2ರ ಕಡೆಗೆ. ಈ ವರದಿಯ ಪ್ರತಿಯನ್ನು ಕೇಳಿ ಪಡೆಯಿರಿ, ಕೊಡದಿದ್ದರೆ ಮಾಹಿತಿ ಹಕ್ಕಿನಲ್ಲಿ ಅರ್ಜಿ ಹಾಕಿ. ಮನೆಯವರು ಕೇಳದೆ ಇದ್ದರೆ ಅದು ಕಡತದಲ್ಲೇ ಮಲಗಿರುತ್ತದೆ.

ಅದಕ್ಕೂ ಮುಂಚೆ, ಏನೂ ಆಗದಿದ್ದರೂ, ಲಸಿಕೆ ಹಾಕಿಸಿದ ದಿನ ಒಂದು ಕೆಲಸ ಮಾಡಿ. ಬಾಟಲಿಯ ಲೇಬಲ್ಲಿನ ಮೇಲೆ ಕಂಪೆನಿಯ ಹೆಸರು, ಬ್ಯಾಚ್ ನಂಬರ್, ಮುಗಿಯುವ ದಿನಾಂಕ ಇರುತ್ತದೆ. ಮೊಬೈಲಿನಲ್ಲಿ ಅದರ ಫೋಟೊ ತೆಗೆಯಿರಿ, ಇಲ್ಲವೇ ತಾಯಿ ಕಾರ್ಡಿನ ಮೂಲೆಯಲ್ಲಿ ಬರೆಸಿಕೊಳ್ಳಿ. ಲೇಬಲ್ಲಿನ ಮೇಲಿನ ವೃತ್ತದ ಒಳಗಿನ ಚೌಕ ವೃತ್ತದಷ್ಟೇ ಕಪ್ಪಾಗಿದ್ದರೆ ಆ ಬಾಟಲಿ ಬಿಸಿಗೆ ಕೆಟ್ಟಿದೆ, ಹಾಕಿಸಬೇಡಿ. ನರ್ಸಮ್ಮನವರು ಬೇಸರಪಡುವುದಿಲ್ಲ, ಅವರಿಗೆ ಕಲಿಸಿರುವುದೂ ಅದನ್ನೇ. ಅರ್ಧ ಗಂಟೆ ಅಲ್ಲೇ ಕೂತಿರಿ, ಬಸ್ಸಿಗೆ ಓಡಬೇಡಿ. ಮೆಡಿಕಲ್‌ನಿಂದ ಕೊಂಡದ್ದಾದರೆ ಬಿಲ್ ಬಿಸಾಡಬೇಡಿ.

ಉಚಿತ ಕ್ಯಾಂಪಿನಲ್ಲಿ ಹಾಕಿಸಿ ಹಾನಿಯಾದವರಿಗೆ ಗ್ರಾಹಕರ ಆಯೋಗದ ಬಾಗಿಲು ಮುಚ್ಚಿದರೂ ಹೈಕೋರ್ಟಿನ ಬಾಗಿಲು ತೆರೆದೇ ಇದೆ. ಸರಕಾರದ ತಪ್ಪಿನಿಂದ ಜೀವಕ್ಕೆ ಕುತ್ತಾದರೆ ರಿಟ್ ಅರ್ಜಿಯಲ್ಲೇ ಪರಿಹಾರ ಕೊಡಿಸಬಹುದು ಎಂದು ಸುಪ್ರೀಂ ಕೋರ್ಟ್ 1993ರ ನೀಲಾಬತಿ ಬೆಹೆರಾ ತೀರ್ಪಿನಲ್ಲಿ ಹೇಳಿದೆ. ಅದು ಪೊಲೀಸ್ ವಶದಲ್ಲಿ ಆದ ಸಾವಿನ ಪ್ರಕರಣ, ಆದರೆ ತತ್ವ ಇಲ್ಲಿಗೂ ಹೊಂದುತ್ತದೆ. ಉತ್ತರ ಕನ್ನಡ ಮತ್ತು ಬೆಳಗಾವಿಯವರಿಗೆ ಧಾರವಾಡದ ಪೀಠ, ನಮಗೆ ಬೆಂಗಳೂರು. ವಕೀಲರ ಫೀಸಿಗೆ ಹೆದರಬೇಕಿಲ್ಲ. ಪ್ರತಿ ಜಿಲ್ಲೆಯ ಕೋರ್ಟ್ ಆವರಣದಲ್ಲಿ ಕಾನೂನು ಸೇವಾ ಪ್ರಾಧಿಕಾರದ ಕಚೇರಿ ಉಂಟು. 1987ರ ಕಾಯ್ದೆಯ ಪ್ರಕಾರ ಮಹಿಳೆಯರಿಗೆ ಮತ್ತು ಮಕ್ಕಳಿಗೆ ಅಲ್ಲಿ ಆದಾಯ ಎಷ್ಟೇ ಇರಲಿ ವಕೀಲರು ಉಚಿತ. ಅರ್ಜಿಯಲ್ಲಿ ತಾಯಿಯ ಹೆಸರು ಮೊದಲು ಇರಲಿ.